ವಿಮಾನ ಬರುವ ತನಕ

೧೬ ಫೆಬ್ರವರಿ ೨೦೧೪, ಭಾನುವಾರ

ಕೊನೆಯ ವಿಮಾನ ಹೊರಟಿತಂತೆ. ಸೂರಜ್ ಫೋನಿನಲ್ಲಿ ಹೇಳಿದ. ಎಲ್ಲರೂ ಹಿಮದ ಮೇಲೆ ನಿಂತು ಕೈ ಬೀಸಿದರಂತೆ. ವಿಮಾನ ಒಂದು ಸುತ್ತು ಹೊಡೆದು, ನಿಲ್ದಾಣದ ನೆತ್ತಿಯ ಮೇಲೆ ತಗ್ಗಿ ಹಾರಿ, ಹೋಯಿತಂತೆ. ಇನ್ನು ನವೆಂಬರ್ ತನಕ ದಕ್ಷಿಣ ಧ್ರುವಕ್ಕೆ ಯಾರೂ ಹೋಗುವಂತಿಲ್ಲ, ಅಲ್ಲಿಂದ ಯಾರೂ ಬರುವಂತಿಲ್ಲ. ನಲವತ್ತು ಚಿಲ್ಲರೆ ಜನ, ವಿಜ್ಞಾನಿಗಳು, ಮೆಕ್ಯಾನಿಕ್ಕುಗಳು, ಅಡಿಗೆಯವರು. ಅವರಿಗೆಲ್ಲ ಇವನೊಬ್ಬ ಡಾಕ್ಟರು.

"ಇನ್ನ ಯಾರೂ ನನ್ನ ಕರಿಯೂ ಹಂಗಿಲ್ಲ" ಎಂದ. ಅವನ ಧ್ವನಿಯಲ್ಲಿ ಅಷ್ಟು ನಿರಾಳ ನಾನು ಎಷ್ಟೋ ವರ್ಷದಿಂದ ಕೇಳಿರಲಿಲ್ಲ.

ಹೋದ ಸೆಪ್ಟೆಂಬರಿನಲ್ಲಿ ಊಟಕ್ಕೆ ಕೂತಾಗ ವಿಷಯ ಹೇಳಿದ್ದ. ಅರ್ಜಿ ಹಾಕಿದ್ದೂ ಆಗಿತ್ತು, ತಪಾಸಣೆ ಮುಗಿಸಿದ್ದೂ ಆಗಿತ್ತು. ಅವನ ತಾಯಿಯ ಹೃದಯ ಸೋತಿದೆ ಎಂದು ಗೊತ್ತಾಗಿ ಆಗಿನ್ನೂ ಎರಡು ತಿಂಗಳು. ಅತ್ತೆಯನ್ನು ಯಾರು ನೋಡಿಕೊಳ್ಳುತ್ತಾರೆ ಎಂದು ಕೇಳಿದೆ. "ನೀ ಇದ್ದೀಯಲ್ಲ" ಎಂದು ಸಾರು ಬಡಿಸಿಕೊಂಡ. ಕೋಪದಿಂದ ಹೇಳಿದ್ದರೆ ಜಗಳವಾದರೂ ಆಡಬಹುದಿತ್ತು.

ಹೊರಡುವ ದಿನ ಬಾಗಿಲಲ್ಲಿ ನಿಂತು ಮೂವರಿಗೂ ಹೇಳಿದ: "ಏನ ಆಗಲಿ, ನನಗ ಹೇಳ್ರಿ. ಮುಚ್ಚಿ ಇಡಬ್ಯಾಡ್ರಿ." ಮಗಳು ಅನಿಕಾ ತಲೆಯಾಡಿಸಿದಳು. ಹದಿನೈದರ ಹುಡುಗಿ, ಅಪ್ಪ ಹೇಳಿದ್ದೇ ವೇದ.

೨೩ ಮಾರ್ಚ್, ಭಾನುವಾರ

ಅಲ್ಲಿ ಸೂರ್ಯ ಮುಳುಗಿದನಂತೆ. ಇನ್ನು ಆರು ತಿಂಗಳು ಕತ್ತಲೆ. ಇಲ್ಲಿ ಆಸ್ಟಿನ್ನಿನ ಪಕ್ಕದ ನಮ್ಮ ಸೀಡರ್ ಪಾರ್ಕಿನಲ್ಲಿ ಈಗಲೇ ಏಸಿ ಹಾಕಿಕೊಳ್ಳಬೇಕಾಗಿದೆ.

ನನಗೆ ಸಿಕ್ಕಿರುವ ಕೆಲಸವೂ ಅದೇ ಹಿಮದ್ದು. ಆಸ್ಟಿನ್ನಿನ ಒಂದು ಸಂಶೋಧಕರ ತಂಡ ಧ್ರುವ ನಿಲ್ದಾಣಗಳ ಇತಿಹಾಸ ಬರೆಸುತ್ತಿದೆ. ಅಲ್ಲಿ ಚಳಿಗಾಲ ಕಳೆದು ಬಂದ ಮುದುಕರ ಮಾತುಗಳ ಧ್ವನಿಮುದ್ರಣ ನನಗೆ ಕಳಿಸುತ್ತಾರೆ, ನಾನು ಕೇಳಿ ಟೈಪ್ ಮಾಡಿ ಕೊಡಬೇಕು. ೧೯೫೭ರಲ್ಲಿ ಕಟ್ಟಿದ ಮೊದಲ ಧ್ರುವ ನಿಲ್ದಾಣ ಹಿಮದಡಿ ಹೂತುಹೋಯಿತು. ಆಮೇಲೆ ಗುಮ್ಮಟ ಕಟ್ಟಿದರು, ಅದಕ್ಕೂ ಹಿಮ ಏರಿತು. ಈಗಿನದು ಕಂಬಗಳ ಮೇಲೆ ನಿಂತಿದೆ. ನಮ್ಮ ಭಾರತದವರ ಮೊದಲ ನಿಲ್ದಾಣ ದಕ್ಷಿಣ ಗಂಗೋತ್ರಿಯೂ ಹಾಗೇ ಮುಚ್ಚಿಹೋಯಿತಂತೆ. ಮೈಸೂರಿನಲ್ಲಿ ಇತಿಹಾಸ ಎಂ.ಎ. ಮಾಡಿದ್ದು ಇಷ್ಟು ವರ್ಷಕ್ಕೆ ಒಂದು ಉಪಯೋಗಕ್ಕೆ ಬಂತು.

ಅತ್ತೆ ಹಾಸಿಗೆಯಿಂದಲೇ ಅಂದರು: "ದಿನಾ ಕಿವಿಗೆ ಅದನ್ನ ಸಿಗಿಸಿಕೊಂಡು ಕೂಡ್ತೀ. ನನ್ನ ಮಗಾ ಯಾಕ ಓಡಿಹೋದಾ ಅಂತ ಈಗ ತಿಳೀತು."

ಧಾರವಾಡದಲ್ಲಿ ಮೂವತ್ತು ವರ್ಷ ಶಾಲೆಯ ಮುಖ್ಯೋಪಾಧ್ಯಾಯಿನಿ ಆಗಿದ್ದವರು. ಇಂದುಮತಿಬಾಯಿ ಅಂದರೆ ಜವಾನನೂ ನಡುಗುತ್ತಿದ್ದನಂತೆ. ಉಸಿರು ಸಾಲದಿದ್ದರೂ ಮಾತಿನ ಬೆತ್ತಕ್ಕೆ ಏನೂ ಆಗಿಲ್ಲ. ನಾನು ಬೆನ್ನಿಗೆ ದಿಂಬು ಕೊಟ್ಟು, ಕಾಲಿನ ಬಾವು ನೋಡಿ, ಮಾತ್ರೆ ಕೊಟ್ಟು ಬಂದೆ.

೧೧ ಮೇ, ಭಾನುವಾರ

ಅಮ್ಮಂದಿರ ದಿನ. ಸೂರಜ್ ಅರ್ಧ ಗಂಟೆ ಅತ್ತೆಯ ಜೊತೆ ಮಾತಾಡಿದ. ನನ್ನ ಜೊತೆ, "ಎಲ್ಲಾ ಸರಿ ಐತಿ? ಇಡ್ತೀನಿ." ಅನಿಕಾ ಮಾಡಿದ ಕಾರ್ಡು ಫ್ರಿಜ್ ಮೇಲಿದೆ, ಅಷ್ಟೇ ನನ್ನ ಹಬ್ಬ.

ಅತ್ತೆ ಫೋನಿನಲ್ಲಿ ಒಮ್ಮೆಯೂ ಏದುಸಿರು ಬಿಡಲಿಲ್ಲ. ಹೇಗೆ ತಡೆದುಕೊಂಡರೋ. ಇಟ್ಟ ಮೇಲೆ ತುಟಿ ನೀಲಿಯಾಗಿತ್ತು. "ನನ್ನ ದಮ್ಮಿನ ಸುದ್ದಿ ಅವಗ ಹೇಳಬ್ಯಾಡ. ಅಲ್ಲೆ ಒಬ್ಬನ ಅದಾನ" ಎಂದರು. ನಾನು ಹೇಳುವುದಿಲ್ಲ ಎಂದೆ. ಅವರು ನನ್ನ ಕೈ ಹಿಡಿದುಕೊಂಡರು, ಒಂದೇ ಗಳಿಗೆ. ಆಮೇಲೆ ಹಾಲು ತಣ್ಣಗಾಗಿದೆ ಎಂದು ಬೈದರು.

೩ ಜೂನ್, ಮಂಗಳವಾರ

ಅತ್ತೆ ಹೋದರು. ಬೆಳಿಗ್ಗೆ ನಾನು ತರಕಾರಿಗೆ ಹೋಗಿದ್ದೆ. ಅನಿಕಾ ಒಬ್ಬಳೇ ಇದ್ದಳು, ಇವತ್ತೇ ಅವಳ ಬೇಸಿಗೆ ರಜೆ ಶುರು. ನಾನು ಬರುವಷ್ಟರಲ್ಲಿ ಆಂಬುಲೆನ್ಸ್ ಮನೆ ಮುಂದೆ ನಿಂತಿತ್ತು. ಹುಡುಗಿ ಗೋಡೆಗೆ ಒರಗಿ ನೆಲದ ಮೇಲೆ ಕೂತಿದ್ದಳು. ಕೈಯಲ್ಲಿ ನೀರಿನ ಲೋಟ ಹಾಗೇ ಇತ್ತು.

೫ ಜೂನ್, ಗುರುವಾರ

ಸುಟ್ಟು ಬಂದೆವು. ಸೂರಜನ ಅಣ್ಣ ಮೋಹನರಾಜ ಭಾವ, ಅವರ ಹೆಂಡತಿ ಪ್ರೇಮಕ್ಕ ಡಲ್ಲಸ್ ಪಕ್ಕದ ಸೌತ್‌ಲೇಕಿನಿಂದ ಬಂದಿದ್ದರು. ಭಾವನೇ ಕರ್ಮ ಮಾಡಿದರು. ಶುಗರ್ ಲ್ಯಾಂಡಿನಿಂದ ಡಾಕ್ಟರ್ ಬದರೀನಾಥ ಅಂಕಲ್ ಒಬ್ಬರೇ ಡ್ರೈವ್ ಮಾಡಿಕೊಂಡು ಬಂದರು, ಎಂಬತ್ತರ ಹತ್ತಿರದ ವಯಸ್ಸು. ಸೂರಜನಿಗೆ ಮೊದಲ ಕೆಲಸ ಕೊಡಿಸಿದವರು.

ಸಂಜೆ ಮಾತು ಬಂತು. ಸೂರಜನಿಗೆ ಹೇಗೆ ಹೇಳುವುದು?

ಭಾವ ತಲೆ ತಗ್ಗಿಸಿ ಕೂತಿದ್ದರು. "ಹೇಳಿ ಏನ ಮಾಡೂದು? ಬರ್ಲಿಕ್ಕಂತೂ ಆಗೂದಿಲ್ಲ" ಎಂದರು.

ನನಗೆ ಈ ವಾರವಷ್ಟೇ ಟೈಪ್ ಮಾಡಿದ್ದ ಮಾತು ನೆನಪಾಯಿತು. ಅರವತ್ತರ ದಶಕದಲ್ಲಿ ಯಾವುದೋ ಸಣ್ಣ ನಿಲ್ದಾಣದ ಮುಖ್ಯಸ್ಥನಾಗಿದ್ದವನದು. ಒಬ್ಬ ಮೆಕ್ಯಾನಿಕ್ಕನ ಹೆಂಡತಿ ಹೆರಿಗೆಯಲ್ಲಿ ತೀರಿಕೊಂಡ ತಂತಿ ಬಂತು. ಅದನ್ನು ಇವನು ಹಡಗು ಬರುವ ತನಕ ಮೇಜಿನ ಖಾನೆಯಲ್ಲಿ ಇಟ್ಟುಕೊಂಡ. "ಚಳಿಗಾಲದಲ್ಲಿ ದುಃಖಕ್ಕೆ ಹೋಗಲು ಜಾಗವಿರುವುದಿಲ್ಲ. ಅದು ಎಲ್ಲರ ತಟ್ಟೆಗೂ ಬಂದು ಕೂರುತ್ತದೆ" ಎಂದಿದ್ದ. ನಾನು ಅದನ್ನು ಭಾವನಿಗೆ ಹೇಳಿದೆ. ಅಲ್ಲಿ ಇವನೊಬ್ಬನೇ ಡಾಕ್ಟರು, ಇವನ ಕೈ ನಡುಗಿದರೆ ಅಷ್ಟೂ ಜನಕ್ಕೆ ಗತಿಯಿಲ್ಲ ಎಂದೆ.

ಅನಿಕಾ ಇಂಗ್ಲಿಷಿನಲ್ಲಿ, ಅಪ್ಪ ಮುಚ್ಚಿಡಬೇಡಿ ಅಂದಿದ್ದರಲ್ಲ ಎಂದಳು.

"ವಿಮಾನ ಬರೋ ತನಕ ಅಷ್ಟೇ ಕಂದ" ಎಂದೆ.

ಹೊರಡುವಾಗ ಒಬ್ಬೊಬ್ಬರಿಗೂ ಕೈ ಮುಗಿದು ಹೇಳಿದೆ, ಸೂರಜನಿಗೆ ಯಾರೂ ತಿಳಿಸಬೇಡಿ. ಎಲ್ಲರೂ ಒಪ್ಪಿದರು. ಎಷ್ಟು ದೊಡ್ಡ ಮನಸ್ಸು ನಿಂದು ಎಂದರು ಪ್ರೇಮಕ್ಕ.

೮ ಜೂನ್, ಭಾನುವಾರ

"ಅವ್ವ ಎಲ್ಲಿ?"

"ಮಲಗಿದ್ದಾರೆ."

ಇಷ್ಟೇ. ಭಯಪಟ್ಟಿದ್ದೆ, ಏನೂ ಇರಲಿಲ್ಲ. ಅನಿಕಾ ಫೋನು ತೆಗೆದುಕೊಂಡು, ಅಜ್ಜಿ ಈಸ್ ಫೈನ್ ಎಂದಳು. ಆಮೇಲೆ ಬಾತ್‌ರೂಮಿಗೆ ಹೋಗಿ ತುಂಬಾ ಹೊತ್ತು ನಲ್ಲಿ ಬಿಟ್ಟುಕೊಂಡಿದ್ದಳು.

೨೨ ಜೂನ್, ಭಾನುವಾರ

ಅಲ್ಲಿ ನಡುಚಳಿಗಾಲದ ಔತಣ. ಎಲ್ಲ ನಿಲ್ದಾಣಗಳೂ ಒಂದಕ್ಕೊಂದು ಶುಭಾಶಯ ಕಳಿಸುತ್ತವಂತೆ, ಹಳೆಯ ಪದ್ಧತಿ. ಎಲ್ಲರೂ ಖುಷಿಯಲ್ಲಿರುವಾಗ ಇವನು ಫೋನ್ ಮಾಡಿದ. ಧ್ವನಿ ಕಟ್ಟಿತ್ತು. ನೆಗಡಿಯೇ ಎಂದು ಕೇಳಿದೆ.

"ಅವ್ವ ಇವತ್ತ ಏನ ಉಂಡಳು?"

ಸಿದ್ಧವಾಗಿರಲಿಲ್ಲ. ಆದರೂ ಬಾಯಿಗೆ ಬಂತು. ಮೆಂತ್ಯ ಪಲ್ಯ, ಒಂದು ಚಪಾತಿ. ಪಲ್ಯಕ್ಕೆ ಉಪ್ಪು ಕಮ್ಮಿ ಅಂತ ಬೈದರು ಎಂದೆ.

ಅವನು ನಕ್ಕ. ಅಳುವಿನಂತೆಯೇ ಇತ್ತು ಆ ನಗು. "ಮತ್ತ? ಇನ್ನೇನ ಅಂದ್ಳು?"

ಮದುವೆಯಾಗಿ ಹದಿನೆಂಟು ವರ್ಷ. ನನ್ನ ಮಾತು ಮುಗಿದ ಮೇಲೆ ಇವನು 'ಮತ್ತ' ಎಂದು ಕೇಳಿದ್ದು ಇವತ್ತೇ. ಅಲ್ಲಿಯ ಫೋನಿಗೆ ಆಧಾರವಾದ ಉಪಗ್ರಹ ಮರೆಯಾಗುವ ತನಕ ಮಾತಾಡಿದೆವು. ಫೋನಿಟ್ಟ ಮೇಲೆ ನನ್ನ ಕೆನ್ನೆ ಬಿಸಿಯಾಗಿತ್ತು.

೧೩ ಜುಲೈ, ಭಾನುವಾರ

ಈಗ ವಾರಕ್ಕೆ ಎರಡು ಮೂರು ಸಲ ಮಾಡುತ್ತಾನೆ. ನಡುವೆ ಈಮೇಲ್ ಬೇರೆ. ಅತ್ತೆ ಹೇಳಿ ಬರೆಸಿದ್ದು ಎಂದು ನಾನೇ ಬರೆಯುತ್ತೇನೆ, ಅವರು ಅವನನ್ನು ಕರೆಯುತ್ತಿದ್ದ ಮುದ್ದಿನ ಹೆಸರಿನಿಂದಲೇ. "ಸೂರ್ಯಾ, ಕಿವಿಗೆ ಅರಿವಿ ಕಟಗೊಂಡು ಅಡ್ಡಾಡು. ನಿನ್ನ ಹೆಂಡತಿ ಮಾಡಿದ ಅವಲಕ್ಕಿ ಇವತ್ತ ತಿನ್ನೂ ಹಂಗಿತ್ತು." ಅವರು ನನ್ನ ಅವಲಕ್ಕಿಯನ್ನು ಹೊಗಳಿದ್ದಿಲ್ಲ. ಈಗ ಹೊಗಳುತ್ತಾರೆ. ಅಡಿಗೆಮನೆಯಲ್ಲಿ ಒಬ್ಬಳೇ ಇರುವಾಗ ಧಾರವಾಡದ ಮಾತನ್ನು ನಾಲಿಗೆಗೆ ರೂಢಿ ಮಾಡಿಕೊಳ್ಳುತ್ತೇನೆ. ಮಜವಾಗಿದೆ.

ಅನಿಕಾ ಮಾತ್ರ ಇವತ್ತು ಹಟ ಹಿಡಿದಳು. ಫೋನಿಗೆ ಬರುವುದಿಲ್ಲ, ಸುಳ್ಳು ಹೇಳುವುದಿಲ್ಲ ಎಂದು ಕೋಣೆಯ ಬಾಗಿಲು ಹಾಕಿಕೊಂಡಳು. ಹೊಡೆಯುವವಳಲ್ಲ ನಾನು. ಒಳಗೆ ಹೋಗಿ ಹಾಸಿಗೆಯ ಮೇಲೆ ಕೂತು ಶಾಂತವಾಗಿ ತಿಳಿಸಿ ಹೇಳಿದೆ. ಐವತ್ತರ ದಶಕದಲ್ಲಿ ಒಬ್ಬ ರೇಡಿಯೋದವನಿಗೆ ಮನೆಯ ಕೆಟ್ಟ ಸುದ್ದಿ ತಿಳಿಯಿತು. ಕೈಗವಸೂ ಇಲ್ಲದೆ ಕತ್ತಲೆಗೆ ನಡೆದುಹೋದ. ಮೈನಸ್ ಅರವತ್ತು ಚಳಿ.

"ಸತ್ತುಹೋದ್ರಾ?"

"ಮತ್ತಿನ್ನೇನು? ನೀನು ಇವತ್ತು ನಿಜ ಹೇಳು. ಅಪ್ಪನೂ ಹಾಗೇ ಹೋದ್ರೆ ಅದು ನಿನ್ನ ತಲೆ ಮೇಲೆ."

ಬಂದು ಮಾತಾಡಿದಳು. ಟೇಪಿನಲ್ಲಿ ಆ ಮನುಷ್ಯ ಬದುಕಿದ, ಎರಡು ಬೆರಳು ಹೋದವು ಅಷ್ಟೇ. ಅದನ್ನೆಲ್ಲ ಮಗುವಿಗೆ ಹೇಳುವ ಅಗತ್ಯ ಕಾಣಲಿಲ್ಲ.

೧೭ ಆಗಸ್ಟ್, ಭಾನುವಾರ

ಡಲ್ಲಸ್ ಕಡೆಯಿಂದ ಬರುವಾಗ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡು ಭಾವ ಮಧ್ಯಾಹ್ನ ತಡವಾಗಿ ಬಂದರು. ಅಸ್ಥಿಯನ್ನು ಗ್ಯಾಲ್ವೆಸ್ಟನ್ನಿನಲ್ಲಿ ಸಮುದ್ರಕ್ಕೆ ಬಿಟ್ಟು ಬಂದದ್ದು ಹೇಳಿದರು. ಊಟವಾದ ಮೇಲೆ, "ಇನ್ನ ಸಾಕು ನಳಿನಿ. ನಾ ಮೊದಲ ಹೂಂ ಅಂದಿದ್ದ ತಪ್ಪು. ತಮ್ಮಗ ಹೇಳಿಬಿಡೂಣು" ಎಂದರು.

ಇಷ್ಟು ದಿನ ಬಿಟ್ಟು ಈಗ ಹೇಳಿದರೆ ಎರಡು ಏಟು ಬೀಳುವುದಿಲ್ಲವೇ ಎಂದೆ. ಅಮ್ಮ ಹೋದದ್ದೊಂದು, ನೀವು ಇಷ್ಟು ದಿನ ಸುಮ್ಮನಿದ್ದದ್ದೊಂದು. "ಅಣ್ಣನೇ ಮೋಸ ಮಾಡಿದ ಅಂತ ಅವನಿಗೆ ಆ ಕತ್ತಲಲ್ಲಿ ಗೊತ್ತಾಗಬೇಕಾ?" ಭಾವನ ಮುಖ ಸಣ್ಣದಾಯಿತು. ಆಮೇಲೆ ಆ ಮಾತು ಎತ್ತಲಿಲ್ಲ. ಹೊರಡುವಾಗ ಕಾರಿನ ಬಾಗಿಲು ಹಿಡಿದು, "ಹುಡುಗಿ ಸೊರಗ್ಯಾಳ. ಹುಬ್ಬಿನ ಕೂದಲ ಎಲ್ಲಿ ಹೋದ್ವು?" ಎಂದು ಕೇಳಿದರು.

ತಾನೇ ಕಿತ್ತುಕೊಳ್ಳುತ್ತಾಳೆ, ಈಗಿನ ಹುಡುಗಿಯರ ಫ್ಯಾಷನ್ನು. ಎಡಗಡೆ ಪೂರ್ತಿ ಇಲ್ಲ. ಪೆನ್ಸಿಲ್ಲಿನಿಂದ ತಿದ್ದಿಕೋ ಎಂದು ಹೇಳಿದ್ದೇನೆ.

ಆ ಮುಖ್ಯಸ್ಥನ ನಿಲ್ದಾಣದಲ್ಲೇ ಅಡಿಗೆ ಮಾಡುತ್ತಿದ್ದವನ ಟೇಪು ಈ ವಾರ ಬಂತು. ತಂತಿಯ ವಿಷಯ ಹೊರಬಿದ್ದ ಮೇಲೆ ಆ ಮುಖ್ಯಸ್ಥನ ಜೊತೆ ಒಬ್ಬರೂ ಊಟಕ್ಕೆ ಕೂರಲಿಲ್ಲವಂತೆ. ಊರಿಗೆ ಮರಳುವ ಹಡಗಿನಲ್ಲೂ ಮಾತಾಡಲಿಲ್ಲವಂತೆ. ಆ ಅಡಿಗೆಯವನ ಧ್ವನಿ ನನಗೆ ಹಿಡಿಸಲಿಲ್ಲ. ಕೆಮ್ಮು ಜಾಸ್ತಿ, ಸರಿಯಾಗಿ ಕೇಳಿಸುವುದಿಲ್ಲ. ಬೇರೆ ಯಾರಿಗಾದರೂ ಕೊಡಿ ಎಂದು ವಾಪಸ್ ಕಳಿಸಿದೆ.

೨೧ ಸೆಪ್ಟೆಂಬರ್, ಭಾನುವಾರ

ಅಲ್ಲಿ ಬೆಳಕು ಬರುತ್ತಿದೆಯಂತೆ. ಸೂರಜ್ ಅದರ ಬಗ್ಗೆ ಒಂದೇ ಮಾತು ಹೇಳಿ ಮುಗಿಸಿದ. ಅವನಿಗೆ ಬೇಕಾದದ್ದು ಅನಿಕಾ.

"ಅಜ್ಜಿ ಈಗ ಏನ ಮಾಡಲಿಕ್ಕತ್ಯಾಳ? ನೋಡಿ ಹೇಳು ಪುಟ್ಟಿ. ನನಗ ಕಣ್ಣಿಗೆ ಕಟ್ಟಬೇಕು."

ಸ್ಪೀಕರಿನಲ್ಲಿ ಹಾಕಿದ್ದೆ. ಹುಡುಗಿ ಅತ್ತೆಯ ಖಾಲಿ ಕೋಣೆಯ ಬಾಗಿಲಲ್ಲಿ ನಿಂತಳು. ಹಾಸಿಗೆ ತೆಗೆಸಿದ್ದೇನೆ, ಅಲ್ಲಿ ಈಗ ನನ್ನ ಮೇಜಿದೆ.

"ಅಜ್ಜಿ ಕಿಟಕಿ ಹತ್ರ ಕೂತಿದಾರೆ. ನೀಲಿ ಸೀರೆ. ತಲೆ ಬಾಚಿಕೊಳ್ತಾ ಇದಾರೆ. ಹಣಿಗೆ ಬಿತ್ತು. ನನ್ನ ಕರೀತಾ ಇದಾರೆ, ಎತ್ತಿಕೊಡು ಬಾ ಅಂತ."

ಯಾವತ್ತೂ ಇಂಗ್ಲಿಷಿನಲ್ಲೇ ಉತ್ತರ ಕೊಡುತ್ತಿದ್ದವಳು. ಎಷ್ಟು ಚೆನ್ನಾಗಿ ಕನ್ನಡ ಆಡಿದಳು. ಶಹಭಾಸ್ ಎಂದು ಬೆನ್ನು ತಟ್ಟಿದೆ. ಬೆನ್ನು ಮರದ ಹಾಗಿತ್ತು.

೧೯ ಅಕ್ಟೋಬರ್, ಭಾನುವಾರ

ನವೆಂಬರ್ ಬರಬಾರದು ಅನ್ನಿಸುತ್ತದೆ.

ಇವತ್ತು ಅವನು ಬಾಲ್ಯದ್ದೆಲ್ಲ ಹೇಳಿದ. ಶಾಲೆಯಲ್ಲಿ ಅವ್ವನೇ ಹೆಡ್ ಆದದ್ದರಿಂದ ಬೇರೆಯವರಿಗಿಂತ ಒಂದೇಟು ಹೆಚ್ಚು ತಿನ್ನುತ್ತಿದ್ದನಂತೆ. "ನೀ ಅವ್ವನ ಹಂಗ ಮಾತಾಡ್ಲಿಕ್ಕತ್ತೀ" ಎಂದ. ನನಗೆ ನಾಚಿಕೆಯಾಯಿತು, ಹೊಸ ಮದುವಣಗಿತ್ತಿಯ ಹಾಗೆ.

೮ ನವೆಂಬರ್, ಶನಿವಾರ

ಬಂದ. ಏರ್‌ಪೋರ್ಟಿನಲ್ಲಿ ಗುರುತೇ ಸಿಗಲಿಲ್ಲ, ಗಡ್ಡ ಎದೆಗಿಳಿದಿತ್ತು. ಹೇಗೆ ಹೇಳಬೇಕೆಂದು ಎಲ್ಲ ಮಾತು ಜೋಡಿಸಿಕೊಂಡಿದ್ದೆ. ಕಾರಿನಲ್ಲಿ ಬೇಡ, ಮನೆಯಲ್ಲಿ, ಅವನನ್ನು ಕೂರಿಸಿ, ಕೈ ಹಿಡಿದು. ಅನಿಕಾ ಹಿಂದಿನ ಸೀಟಿನಲ್ಲಿ ಕಿಟಕಿಗೆ ಹಣೆ ಒತ್ತಿ ಕೂತಿದ್ದಳು. ಅವನು ಹೆದ್ದಾರಿಯ ಪಕ್ಕದ ಓಕ್ ಮರಗಳನ್ನೇ ನೋಡುತ್ತಿದ್ದ.

ಮನೆಗೆ ಬಂದವನು ಅತ್ತೆಯ ಕೋಣೆಯ ಕಡೆ ತಿರುಗಲಿಲ್ಲ. ಶೂ ಬಿಚ್ಚಿ ಅಡಿಗೆಮನೆಗೆ ಬಂದು ಚಹಾ ಕೇಳಿದ. ನಾನು ಒಲೆಯ ಮೇಲೆ ನೀರಿಟ್ಟೆ.

"ಅಸ್ಥಿ ಎಲ್ಲಿ ಬಿಟ್ರಿ?"

ನನ್ನ ಕೈ ಪಾತ್ರೆಯ ಮೇಲೇ ನಿಂತಿತು. ಸುಟ್ಟದ್ದು ಆಮೇಲೆ ತಿಳಿಯಿತು.

"ಬದರೀನಾಥ ಅಂಕಲ್ ಮೇಲ್ ಹಾಕಿದ್ರು, ಜೂನದಾಗ. ನಿಮ್ಮ ತಾಯಿ ಮಹಾತಾಯಿ, ಕೊನೀಗೆ ಮೊಮ್ಮಗಳು ಒಬ್ಬಾಕಿನ ಹತ್ರ ಇದ್ಲು ಅಂತ. ನೀ ಹೇಳಬ್ಯಾಡ ಅಂದಿದ್ದು ಅವರಿಗೆ ನೆನಪ ಇರಲಿಲ್ಲೋ ಏನೋ."

"ಗೊತ್ತಿತ್ತಾ? ಗೊತ್ತಿದ್ದೂ ದಿನಾ ಕೇಳ್ತಿದ್ದೆಯಾ?"

"ಮೊದಲ ಸಿಟ್ಟ ಬಂತು. ಇಕಿ ಎಲ್ಲಿತನಾ ಹೋಗ್ತಾಳ ನೋಡೂಣು ಅನ್ಕೊಂಡೆ. ಆಮ್ಯಾಲೆ ಬಿಡಲಿಕ್ಕೆ ಆಗಲಿಲ್ಲ. ಬ್ಯಾರೆ ಯಾರು ಅವ್ವನ ಮಾತು ಆಡ್ತಿದ್ರು ಅಲ್ಲೆ?"

ಬಾಗಿಲಲ್ಲಿ ಅನಿಕಾ ನಿಂತಿದ್ದಳು. ನಾವಿಬ್ಬರೂ ನೋಡಿರಲಿಲ್ಲ.

"ಅಪ್ಪ, ಯೂ ನ್ಯೂ?"

ಅವಳು ಕನ್ನಡದಲ್ಲಿ ಮತ್ತೆ ಕೇಳಿದಳು, ಅವನಿಗೆ ಅರ್ಥವಾಗಿಲ್ಲವೇನೋ ಎಂಬಂತೆ. "ನಾನು ಹೇಳ್ತಿದ್ದಾಗೆಲ್ಲ ನಿಮಗೆ ಗೊತ್ತಿತ್ತಾ? ನೀಲಿ ಸೀರೆ ಅಂದಾಗ್ಲೂ?"

"ಪುಟ್ಟಿ, ನಿನ್ನ ಬಾಯಾಗ ಕೇಳಿದ್ರ ನನಗ—"

"ನಾನು ನಿಜ ಹೇಳಿದ್ರೆ ನೀವು ಸತ್ತುಹೋಗ್ತೀರಿ ಅಂತ ಅಮ್ಮ ಅಂದಿದ್ರು."

ಸೂರಜ್ ನನ್ನ ಕಡೆ ನೋಡಿದ. ನಾನು ಒಲೆ ಆರಿಸಿದೆ. ಅನಿಕಾ ಅಳಲಿಲ್ಲ. ಕೋಣೆಗೆ ಹೋಗಿ ದೊಡ್ಡಪ್ಪನಿಗೆ ಫೋನ್ ಮಾಡಿದಳು. ಬಾಗಿಲು ತೆರೆದೇ ಇತ್ತು, ನಮಗೆ ಕೇಳಿಸಲೆಂದೇ ಇರಬೇಕು.

೯ ನವೆಂಬರ್, ಭಾನುವಾರ

ಹತ್ತು ಗಂಟೆಗೆಲ್ಲ ಭಾವ ಬಂದರು. ನಮ್ಮಿಬ್ಬರ ಮುಖವನ್ನೂ ನೋಡಲಿಲ್ಲ. ಹುಡುಗಿ ಇನ್ನು ತಮ್ಮ ಮನೆಯಲ್ಲೇ ಇರುತ್ತಾಳೆ, ಶಾಲೆ ಬದಲಾಯಿಸುವುದು, ಉಳಿದದ್ದೆಲ್ಲ ಪ್ರೇಮಾ ನೋಡಿಕೊಳ್ಳುತ್ತಾಳೆ ಎಂದಷ್ಟೇ ಹೇಳಿದರು. ನಾನು ನಡುವರ್ಷ, ಪರೀಕ್ಷೆ ಎಂದೆಲ್ಲ ಹೇಳಿದೆ. ಭಾವ ಸೂಟ್‌ಕೇಸು ಎತ್ತಿಕೊಂಡರು.

ಸೂರಜ್ ಬರಿಗಾಲಿನಲ್ಲಿ ಡ್ರೈವ್‌ವೇಗೆ ಓಡಿದ. ಕಾರಿನ ಬಾಗಿಲು ಹಿಡಿದು ನಿಂತ. ನಾನು ಹಿಂದೆಯೇ ಹೋದೆ.

"ಪುಟ್ಟಿ, ಸಿಟ್ಟಿರಲಿ. ಒಂದ ಹೇಳಿ ಹೋಗು. ಆ ಹೊತ್ತಿಗೆ ನೀ ಒಬ್ಬಾಕಿನ ಇದ್ದೀ. ಅವ್ವ ಹ್ಯಾಂಗ ಹೋದ್ಳು? ಏನರ ಅಂದ್ಳಾ?"

ನಾನು ಆಗ ಗಮನಿಸಿದೆ, ಅದನ್ನು ನಾನೂ ಅವಳನ್ನು ಕೇಳಿರಲಿಲ್ಲ. ಕೆಲಸ ಬಹಳ ಇತ್ತು ಆ ದಿನಗಳಲ್ಲಿ.

ಅನಿಕಾ ಅವನನ್ನೇ ನೋಡಿದಳು. ಹುಬ್ಬಿಲ್ಲದ ಮುಖದಲ್ಲಿ ಏನೂ ಓದಲಾಗಲಿಲ್ಲ. "ಅಂದ್ರು. ತುಂಬ ಹೇಳಿದ್ರು" ಎಂದಳು.

"ಏನಂದ್ಳು?"

"ನಿಮಗೆ ಹೇಳಲ್ಲ."

"ಅನಿಕಾ" ಎಂದೆ ನಾನು.

"ನಿಮಗೂ ಹೇಳಲ್ಲ. ಯಾವತ್ತೂ."

ಬಾಗಿಲೆಳೆದುಕೊಂಡಳು. ಸೂರಜ್ ಬೆರಳು ತೆಗೆಯುವುದು ಒಂದು ಕ್ಷಣ ತಡವಾಗಿದ್ದರೆ ಸಿಕ್ಕಿಕೊಳ್ಳುತ್ತಿತ್ತು. ಭಾವ ಕಾರು ಹಿಂದಕ್ಕೆ ತೆಗೆದುಕೊಂಡು, ತಿರುವಿನಲ್ಲಿ ಸಿಗ್ನಲ್ ಹಾಕಿ, ಹೋದರು.

ಸಂಜೆಯಾಯಿತು. ಅನ್ನ, ಸಾರು ಮಾಡಿದೆ. ಅವನು ತಟ್ಟೆಯ ಮುಂದೆ ಕೂತು ಬೆರಳಾಡಿಸುತ್ತಿದ್ದ. ಆ ಗಡ್ಡದೊಳಗೆ ಅವನ ಬಾಯಿ ಹುಡುಕಬೇಕಾಗಿತ್ತು. ಅವನು ಎದ್ದುಹೋಗಿಬಿಡುತ್ತಾನೆಂದು ನನಗೆ ಭಯವಾಯಿತು. ಎದ್ದರೆ ಇನ್ನು ಈ ಮನೆಯಲ್ಲಿ ಯಾರ ಧ್ವನಿಯೂ ಇರುವುದಿಲ್ಲ.

"ಕೊನೆಗೆ ನಿನ್ನ ಹೆಸರು ಹಿಡಿದು ಕರೆದರು" ಎಂದೆ. "ಸೂರ್ಯಾ, ಬಂದೇನೋ ಅಂತ. ನಾನು ಪಕ್ಕದಲ್ಲೇ ಇದ್ದೆ."

ನಾನು ಅವತ್ತು ತರಕಾರಿಗೆ ಹೋಗಿದ್ದೆ ಎಂಬುದು ಅವನಿಗೆ ಗೊತ್ತು. ಬೆಳಿಗ್ಗೆ ಅವನೇ ಮಗಳಿಗೆ ಹೇಳಿದ್ದ, ನೀನೊಬ್ಬಳೇ ಇದ್ದೆ ಎಂದು. ಅವನು ನನ್ನನ್ನು ದಿಟ್ಟಿಸಿ ನೋಡಿದ. ಆಮೇಲೆ ಕುರ್ಚಿಯನ್ನು ನನ್ನ ಹತ್ತಿರಕ್ಕೆ ಎಳೆದುಕೊಂಡು ಕೂತ.